ನೋಡುವುದು, ನೋಡಿಕೊಳ್ಳುವುದು

ಕನ್ನಡದಲ್ಲಿ ‘ನೋಡು’ ಎಂಬ ಧಾತುವಿನಷ್ಟು ಮೈಮುರಿದು ದುಡಿಯುವ ಧಾತು ಮತ್ತೊಂದಿಲ್ಲವೆಂದು ನನ್ನ ಎಣಿಕೆ. ನಾವು ಹೆಣ್ಣು ನೋಡುತ್ತೇವೆ, ಜಾತಕ ನೋಡುತ್ತೇವೆ, ನಾಡಿ ನೋಡುತ್ತೇವೆ. ಸಾರಿನ ಉಪ್ಪನ್ನು ನಾಲಗೆಯಿಂದ ನೋಡುತ್ತೇವೆ, ಗಡಿಗೆಯನ್ನು ಬೆರಳಿನಿಂದ ಬಡಿದು ನೋಡುತ್ತೇವೆ, ಮಲ್ಲಿಗೆಯನ್ನು ಮೂಸಿ ನೋಡುತ್ತೇವೆ. ಕೇಳಿ ನೋಡುತ್ತೇವೆ, ಮಾಡಿ ನೋಡುತ್ತೇವೆ. ಸಾಲ ಕೇಳಲು ಬಂದವನಿಗೆ ‘ನೋಡೋಣ’ ಎಂದರೆ, ಅವನು ಬುದ್ಧಿವಂತನಾದ ಪಕ್ಷದಲ್ಲಿ, ಮತ್ತೆ ಬರುವುದಿಲ್ಲ. ಇಷ್ಟೆಲ್ಲ ನೋಡುವವರ ನಡುವೆ ಕಣ್ಣಿನಿಂದ ಸುಮ್ಮನೆ ನೋಡುವವರು ಎಷ್ಟು ಮಂದಿ? ಈ ಪ್ರಶ್ನೆಯನ್ನು ವ್ಯಾಕರಣದ ತರಗತಿಯಲ್ಲಿ ಕೇಳಿದರೆ ಹುಡುಗರು ನಗುತ್ತಾರೆ. ನಕ್ಕರೂ ಪ್ರಶ್ನೆ ಪ್ರಶ್ನೆಯೇ.

ಈ ಧಾತುವಿಗೆ ‘ಕೊಳ್ಳು’ ಎಂಬುದು ಬಂದು ಸೇರಿತೆಂದರೆ ಅರ್ಥ ಬೇರೆಯೇ ಆಗಿಬಿಡುತ್ತದೆ. ‘ಮಗುವನ್ನು ನೋಡು’ ಎಂದರೆ ಒಂದು ಗಳಿಗೆಯ ಕೆಲಸ. ‘ಮಗುವನ್ನು ನೋಡಿಕೋ’ ಎಂದರೆ ದಿನವೆಲ್ಲ ಕಾಲು ಕಟ್ಟಿಹಾಕಿದಂತೆ. ನೋಡುವುದಕ್ಕೂ ನೋಡಿಕೊಳ್ಳುವುದಕ್ಕೂ ನಡುವೆ ಇರುವ ದಾರಿ ಎಷ್ಟು ಉದ್ದವೆಂಬುದನ್ನು ನನಗೆ ಮನಗಾಣಿಸಿದವನು ಕೇಶಿರಾಜನಲ್ಲ, ಸಾಕ್ಷ್ಯಚಿತ್ರಗಳು. ಅದರಲ್ಲಿಯೂ ಕ್ಯಾಮರಾವನ್ನು ಒಂದು ಕಡೆ ಇಟ್ಟುಕೊಂಡು, ಬಾಯಿ ಮುಚ್ಚಿಕೊಂಡು, ಎದುರಿಗಿದ್ದವರ ಬದುಕು ತನ್ನಷ್ಟಕ್ಕೆ ತಾನು ನಡೆಯುವುದನ್ನು ಕಾದು ಕುಳಿತು ತೆಗೆಯುವ ಚಿತ್ರಗಳು.

ಕೆಲಸವಿಲ್ಲದೆ ನೋಡುವ ವಿದ್ಯೆ ನಮ್ಮವರಿಗೆ ಹೊಸದೇನೂ ಅಲ್ಲ. ನಾನು ಬೆಳೆದ ಬೀದಿಯಲ್ಲಿ ನಾಲ್ಕು ಜಗಲಿಗಳಿದ್ದುವು. ನಾಲ್ಕರ ಮೇಲೂ ಒಬ್ಬೊಬ್ಬ ಹಿರಿಯರು. ಅವರು ಯಾರ ಜಗಳವನ್ನೂ ಬಿಡಿಸಿದವರಲ್ಲ, ತಪ್ಪಿಸಿಕೊಂಡು ಹೋಗುತ್ತಿದ್ದ ಯಾರ ಹಸುವನ್ನೂ ಹಿಡಿದು ಕಟ್ಟಿದವರಲ್ಲ. ಆದರೆ ಯಾರ ಮನೆಗೆ ಯಾರು ಎಷ್ಟು ಹೊತ್ತಿಗೆ ಬಂದರು, ಹೋಗುವಾಗ ಮುಖ ಹೇಗಿತ್ತು ಎಂಬುದನ್ನು ಅವರಿಂದಲೇ ಕೇಳಿ ತಿಳಿಯಬೇಕು. ಅವರಲ್ಲಿದ್ದ ಕೊರತೆ ಒಂದೇ: ನೋಡಿದ್ದಕ್ಕೆಲ್ಲ ಒಂದು ಟೀಕೆ ಸೇರಿಸದೆ ಅವರಿಗೆ ಇರಲಾಗುತ್ತಿರಲಿಲ್ಲ. ಪಠ್ಯಕ್ಕಿಂತ ವ್ಯಾಖ್ಯಾನವೇ ದೊಡ್ಡದು.

ಬಾಲ್ಯದಲ್ಲಿ ದೂರದರ್ಶನದಲ್ಲಿ ನೋಡಿದ ಪ್ರಾಣಿಗಳ ಚಿತ್ರಗಳಲ್ಲಿಯೂ ಇದೇ ಕೊರತೆ. ಸಿಂಹಿಣಿ ಏನನ್ನು ಯೋಚಿಸುತ್ತಿದೆಯೆಂಬುದನ್ನು, ಅದು ಯೋಚಿಸುವುದಕ್ಕೆ ಮುಂಚೆಯೇ ಒಂದು ಗಂಭೀರವಾದ ದನಿ ಇಂಗ್ಲಿಷಿನಲ್ಲಿ ಹೇಳಿಬಿಡುತ್ತಿತ್ತು. ನನ್ನ ತಾಯಿಗೆ ಇಂಗ್ಲಿಷು ಬಾರದು. ಸೊಪ್ಪು ಸೋಸುತ್ತ ಕುಳಿತವರು ಒಮ್ಮೆ ತಲೆಯೆತ್ತಿ, “ಆ ಮನುಷ್ಯ ಒಂದು ಗಳಿಗೆ ಸುಮ್ಮನಿದ್ದರೆ ಆ ಜಿಂಕೇನಾದರೂ ನೋಡಬಹುದಾಗಿತ್ತು” ಎಂದರು. ಸಾಕ್ಷ್ಯಚಿತ್ರದ ಒಂದು ದೊಡ್ಡ ಪಂಥವೇ ಈ ಮಾತಿನ ಮೇಲೆ ನಿಂತಿದೆಯೆಂಬುದು ನನಗೆ ತಿಳಿದದ್ದು ಎಷ್ಟೋ ವರ್ಷಗಳ ಮೇಲೆ.

ಈ ವಂಶದ ಮೂಲಪುರುಷ ಅಮೆರಿಕದ ರಾಬರ್ಟ್ ಫ್ಲಾಹರ್ಟಿ. ಅವನು ಕೆನಡಾದ ಉತ್ತರಕ್ಕೆ ಹೋದದ್ದು ಕಬ್ಬಿಣದ ಅದಿರನ್ನು ಹುಡುಕುವುದಕ್ಕೆ. ಅಲ್ಲಿ ಅವನಿಗೆ ಅದಿರಿಗಿಂತ ಜನ ಹೆಚ್ಚು ಹಿಡಿಸಿದರು. ಹಿಮದ ನಾಡಿನ ಇನ್ಯೂಯಿಟ್ ಜನರ ಬದುಕನ್ನು ಚಿತ್ರ ತೆಗೆದು ತಂದ. 1916ರಲ್ಲಿ, ಕೈಯಲ್ಲಿದ್ದ ಸಿಗರೇಟು ಜಾರಿ, ಮೂವತ್ತು ಸಾವಿರ ಅಡಿ ಫಿಲ್ಮು ಸುಟ್ಟುಹೋಯಿತು. ಬೇರೆಯವರಾಗಿದ್ದರೆ ಹಣೆಬರಹವೆಂದು ಸುಮ್ಮನಾಗುತ್ತಿದ್ದರು. ಅವನು ಒಂದು ತುಪ್ಪುಳದ ವ್ಯಾಪಾರಿ ಸಂಸ್ಥೆಯಿಂದ ಹಣ ಪಡೆದು 1920ರಲ್ಲಿ ಮತ್ತೆ ಹೋದ. ಹೀಗೆ ಹುಟ್ಟಿದ್ದು 1922ರ ‘ನಾನೂಕ್ ಆಫ್ ದಿ ನಾರ್ತ್’. ತೆಗೆದ ಫಿಲ್ಮನ್ನು ಅಲ್ಲಿಯೇ ತೊಳೆದು ಆ ಜನರಿಗೇ ತೋರಿಸುತ್ತಿದ್ದನಂತೆ. ಕಡಲ್ಗುದುರೆಯಷ್ಟು ಚಿಕ್ಕದಲ್ಲ, ಆನೆಯಂತೆ ಕೋರೆಯುಳ್ಳ ವಾಲ್ರಸ್ಸಿನ ಬೇಟೆಯನ್ನು ತೆರೆಯ ಮೇಲೆ ನೋಡಿದವರು, ‘ಬಿಡಬೇಡಿ, ಹಿಡಿಯಿರಿ’ ಎಂದು ಕೂಗಿಕೊಂಡರಂತೆ. ಬಯಲಾಟದಲ್ಲಿ ದುಶ್ಶಾಸನನ ಮೇಲೆ ಎದ್ದುಹೋಗುವ ನಮ್ಮ ಹಳ್ಳಿಯವರಿಗೆ ಆ ಜನ ದೂರದ ನೆಂಟರಾಗಿರಬೇಕು.

ಆದರೆ ಅವನು ನೋಡಿದ್ದನ್ನೆಲ್ಲ ಇದ್ದ ಹಾಗೆ ತೋರಿಸಿದನೆ? ಇಲ್ಲ. ನಾನೂಕನ ನಿಜವಾದ ಹೆಸರು ಅಲ್ಲಕರಿಯಲ್ಲಕ್. ಹಿಮದ ಮನೆಯೊಳಗೆ ಕ್ಯಾಮರಾಕ್ಕೆ ಸಾಕಾಗುವಷ್ಟು ಬೆಳಕು ಇಲ್ಲದೆ, ಅರ್ಧ ತೆರೆದ ಮನೆಯೊಂದನ್ನು ಕಟ್ಟಿಸಿ, ಪಾಪ, ಆ ಸಂಸಾರವನ್ನು ಚಳಿಯಲ್ಲಿ ಮಲಗಿಸಿ ಎಬ್ಬಿಸಿದ. ಆ ಹೊತ್ತಿಗೆ ಬಂದೂಕು ಬಳಸುತ್ತಿದ್ದ ಜನರ ಕೈಗೆ ಮತ್ತೆ ಈಟಿ ಕೊಟ್ಟ. 1934ರಲ್ಲಿ ಹೊರಬಂದ ಚಿತ್ರಕ್ಕಾಗಿ ಐರ್ಲೆಂಡಿನ ಆರನ್ ದ್ವೀಪಗಳಿಗೆ ಹೋದಾಗ, ಅಲ್ಲಿಯವರು ಎಷ್ಟೋ ದಶಕಗಳ ಹಿಂದೆ ಬಿಟ್ಟು ಮರೆತಿದ್ದ ಶಾರ್ಕ್ ಬೇಟೆಯನ್ನು ಅವರಿಗೇ ಮತ್ತೆ ಕಲಿಸಿ, ‘ನೋಡಿ, ಇವರ ಬದುಕು ಹೀಗಿದೆ’ ಎಂದು ಲೋಕಕ್ಕೆ ಸಾರಿದ. ಗಂಡ, ಹೆಂಡತಿ, ಮಗ ಎಂದು ತೆರೆಯ ಮೇಲೆ ತೋರುವ ಮೂವರಿಗೂ ಒಬ್ಬರಿಗೊಬ್ಬರು ಸಂಬಂಧವೇ ಇರಲಿಲ್ಲ.

ಈ ಮನುಷ್ಯ ನಮ್ಮ ಮೈಸೂರಿಗೂ ಬಂದಿದ್ದನೆಂಬುದನ್ನು ಓದುಗರಲ್ಲಿ ಕೆಲವರು ಬಲ್ಲರು. 1935ರಲ್ಲಿ, ಕಿಪ್ಲಿಂಗನ ಕತೆಯೊಂದನ್ನು ಹಿಡಿದುಕೊಂಡು, ಆನೆಯ ಚಿತ್ರ ತೆಗೆಯಲು ಬಂದ. ಕಾಕನಕೋಟೆಯ ಕಾಡು, ಖೆಡ್ಡಾ, ಮಾವುತರು ಎಲ್ಲವೂ ಅವನ ಕಣ್ಣಿಗೆ ಹಬ್ಬ. ಕಾರಾಪುರದ ಮಾವುತನೊಬ್ಬನ ಮಗ, ತಂದೆಯಿಲ್ಲದ ಹುಡುಗ ಸಾಬು, ಚಿತ್ರದ ನಾಯಕನಾದ. ಫ್ಲಾಹರ್ಟಿ ತಿಂಗಳುಗಟ್ಟಲೆ ಆನೆಗಳನ್ನು ನೋಡುತ್ತ ಕುಳಿತುಬಿಟ್ಟ. ಹಣ ಹಾಕಿದವರಿಗೆ ಕತೆ ಬೇಕಾಗಿತ್ತು. ಕಡೆಗೆ ಕತೆಯ ಭಾಗವನ್ನು ಇಂಗ್ಲೆಂಡಿನ ಸ್ಟುಡಿಯೋದಲ್ಲಿ ಜೋಲ್ಟನ್ ಕೋರ್ಡಾ ತೆಗೆದ. 1937ರಲ್ಲಿ ‘ಎಲಿಫೆಂಟ್ ಬಾಯ್’ ಹೊರಬಂತು. ವೆನಿಸ್ಸಿನಲ್ಲಿ ನಿರ್ದೇಶನದ ಬಹುಮಾನವನ್ನು ಇಬ್ಬರಿಗೂ ಹಂಚಿದರು. ಕಾರಾಪುರದ ಹುಡುಗ ಇಂಗ್ಲೆಂಡಿಗೆ, ಅಲ್ಲಿಂದ ಹಾಲಿವುಡ್ಡಿಗೆ ಹೋಗಿ, 1963ರಲ್ಲಿ ಅಲ್ಲಿಯೇ ತೀರಿಕೊಂಡ. ಒಬ್ಬ ಪರಸ್ಥಳದವನು ಬಂದು ಒಂದು ಗಳಿಗೆ ದಿಟ್ಟಿಸಿ ನೋಡಿದ್ದರಿಂದ ಒಂದು ಜೀವದ ದಾರಿ ಹೀಗೆ ತಿರುಗಿಬಿಟ್ಟಿತು. ಕಾಕನಕೋಟೆಯ ಕೊನೆಯ ಖೆಡ್ಡಾ 1971ರಲ್ಲಿ ನಡೆಯಿತು. ಆಮೇಲೆ ಆ ಕಾಡಿನ ಬಹುಭಾಗ ಕಬಿನಿಯ ನೀರಿನಲ್ಲಿ ಮುಳುಗಿತು. ಇಂದು ಆ ಚಿತ್ರವನ್ನು ನೋಡುವಾಗ ಕತೆಯ ಕಡೆಗೆ ಮನಸ್ಸು ಹೋಗುವುದೇ ಇಲ್ಲ. ಫ್ಲಾಹರ್ಟಿ ಯಾವ ಉದ್ದೇಶವೂ ಇಲ್ಲದೆ ಸುಮ್ಮನೆ ನೋಡಿದ ಭಾಗವೇ ನಮಗೆ ಉಳಿದದ್ದು.

ಫ್ಲಾಹರ್ಟಿ ಮಾಡಿದ್ದು ಒಲವಿನಿಂದ ಮಾಡಿದ ಸುಳ್ಳು. ಲಾಭಕ್ಕಾಗಿ ಮಾಡಿದ ಸುಳ್ಳುಗಳೂ ಇವೆ. ಲೆಮ್ಮಿಂಗ್ ಎಂಬ ಇಲಿಯ ಜಾತಿಯ ಪ್ರಾಣಿಗಳು ಹಿಂಡುಹಿಂಡಾಗಿ ಕಡಲಿಗೆ ಹಾರಿ ಆತ್ಮಹತ್ಯೆ ಮಾಡಿಕೊಳ್ಳುತ್ತವೆಂದು ಲೋಕವೆಲ್ಲ ನಂಬಿತ್ತು. ಆ ನಂಬಿಕೆಗೆ ದೊಡ್ಡ ಆಧಾರ 1958ರ ಡಿಸ್ನಿ ಚಿತ್ರ ‘ವೈಟ್ ವೈಲ್ಡರ್‌ನೆಸ್’. ಅದಕ್ಕೆ ಆಸ್ಕರ್ ಕೂಡ ಬಂತು. 1982ರಲ್ಲಿ ಕೆನಡಾದ ದೂರದರ್ಶನದವರು ಕೆದಕಿ ನೋಡಿದರೆ, ಚಿತ್ರ ತೆಗೆದದ್ದು ಕಡಲೇ ಇಲ್ಲದ ಆಲ್ಬರ್ಟಾ ಪ್ರಾಂತದಲ್ಲಿ. ಆ ಪ್ರಾಣಿಗಳು ಅಲ್ಲಿಯವೂ ಅಲ್ಲ, ಬೇರೆ ಕಡೆಯಿಂದ ಕೊಂಡು ತಂದವು. ಅವು ಹಾರಿದ್ದೂ ಅಲ್ಲ, ನೂಕಿದ್ದು. ಮೂಕಪ್ರಾಣಿಯ ಮೇಲೆ ಹೊರಿಸುವ ಅಪವಾದಕ್ಕೆ ಸುಲಭವಾಗಿ ಸಾಕ್ಷಿ ಸಿಕ್ಕುತ್ತದೆ. ನಮ್ಮ ಸೀಳುನಾಯಿಯೂ ಇಂಥ ಅಪವಾದ ಹೊತ್ತ ಪ್ರಾಣಿಯೇ. ಕ್ರೂರಿ, ಕಾಡಿನ ಪೀಡೆ ಎಂದು ಅದನ್ನು ಕೊಂದವರಿಗೆ ಬಹುಮಾನ ಕೊಡುತ್ತಿದ್ದ ಕಾಲವೊಂದಿತ್ತು. ಮೈಸೂರಿನ ಕೃಪಾಕರ–ಸೇನಾನಿಯವರು ಬಂಡೀಪುರದ ಸುತ್ತಿನ ಕಾಡಿನಲ್ಲಿ ವರ್ಷಗಟ್ಟಲೆ ಅವುಗಳ ಹಿಂದೆ ತಿರುಗಿ, 2007ರಲ್ಲಿ ‘ವೈಲ್ಡ್ ಡಾಗ್ ಡೈರೀಸ್’ ಎಂಬ ಚಿತ್ರವನ್ನು ಹೊರತಂದರು. ಅದರಲ್ಲಿ ಕಾಣುವುದು ಪೀಡೆಯಲ್ಲ. ಮರಿಗಳನ್ನು ಸಾಕುವ, ಆಡುವ, ಹಂಚಿ ತಿನ್ನುವ ಒಂದು ಕೂಡುಕುಟುಂಬ. ಬಹಳ ಹೊತ್ತು ನೋಡಿದರೆ ಯಾರನ್ನೂ ಸುಲಭವಾಗಿ ದ್ವೇಷಿಸಲಾಗುವುದಿಲ್ಲ. ಆದುದರಿಂದಲೇ ನಾವು ಯಾರನ್ನೂ ಬಹಳ ಹೊತ್ತು ನೋಡುವುದಿಲ್ಲವೋ ಏನೋ!

ಹೆಗಲ ಮೇಲೆ ಹೊರಬಹುದಾದ ಹಗುರವಾದ ಕ್ಯಾಮರಾ, ಅದರೊಡನೆ ಒಟ್ಟಿಗೆ ದನಿಯನ್ನು ಹಿಡಿಯುವ ಯಂತ್ರ ಇವೆರಡೂ ಬಂದದ್ದು 1960ರ ಸುಮಾರಿಗೆ. ಅಲ್ಲಿಯವರೆಗೆ ದೊಡ್ಡ ಯಂತ್ರಗಳ ಮುಂದೆ ಜನ ಮೈ ಬಿಗಿದು ನಿಲ್ಲಬೇಕಾಗಿತ್ತು, ಮದುವೆಯ ಫೋಟೋಕ್ಕೆ ನಿಂತಂತೆ. ಆಮೇಲೆ ಕ್ಯಾಮರಾವೇ ಜನರ ಹಿಂದೆ ನಡೆಯಲು ಕಲಿಯಿತು. ಅಮೆರಿಕದಲ್ಲಿ ಈ ಹೊಸ ರೀತಿಯನ್ನು ತಂದವರಲ್ಲಿ ಒಬ್ಬನಾದ ರಿಚರ್ಡ್ ಲೀಕಾಕ್, ಫ್ಲಾಹರ್ಟಿಯ ಕೊನೆಯ ದೊಡ್ಡ ಚಿತ್ರಕ್ಕೆ ಕ್ಯಾಮರಾ ಹಿಡಿದವನು. ಗುರುವಿನ ಕಣ್ಣನ್ನು ಇಟ್ಟುಕೊಂಡು, ಗುರುವಿನ ಕೈಯನ್ನು ಬಿಟ್ಟ ಶಿಷ್ಯನೆನ್ನಬಹುದು. ಕೇಳಬೇಡ, ಹೇಳಬೇಡ, ‘ಇನ್ನೊಂದು ಸಲ ಮಾಡಿ’ ಎನ್ನಬೇಡ. ಇದು ಅವರ ವ್ರತ.

ಈ ವ್ರತದ ಫಲವೇನೆಂಬುದನ್ನು ನಾನು ಕಂಡದ್ದು ‘ಹನಿಲ್ಯಾಂಡ್’ ಎಂಬ ಚಿತ್ರದಲ್ಲಿ. ಅದು 2019ರಲ್ಲಿ ಬಂದ, ಉತ್ತರ ಮ್ಯಾಸಿಡೋನಿಯಾ ದೇಶದ ಚಿತ್ರ. ತೆಗೆದವರು ತಮಾರಾ ಕೊಟೆವ್‌ಸ್ಕಾ, ಲ್ಯೂಬೊಮಿರ್ ಸ್ಟೆಫನೋವ್ ಎಂಬಿಬ್ಬರು. ನಮ್ಮ ಕಾಲೇಜಿನ ಕನ್ನಡ ಸಂಘದಿಂದ ಅದನ್ನು ಒಂದು ಶನಿವಾರ ತೋರಿಸಿದೆವು. ಕನ್ನಡ ಸಂಘಕ್ಕೂ ಮ್ಯಾಸಿಡೋನಿಯಾಕ್ಕೂ ಏನು ಸಂಬಂಧವೆಂದು ಸಹೋದ್ಯೋಗಿಯೊಬ್ಬರು ಕೇಳಿದರು. ಜೇನಿಗೂ ಕನ್ನಡಕ್ಕೂ ಇರುವ ಸಂಬಂಧವೇ ಎಂದೆ. ‘ಸವಿಗನ್ನಡ’ ಎಂದು ದಿನವೂ ಭಾಷಣ ಮಾಡುವವರಾದ್ದರಿಂದ ಅವರು ಮುಂದೆ ಮಾತಾಡಲಿಲ್ಲ.

ಬೆಕಿರ್ಲಿಯಾ ಎಂಬ ಪಾಳುಬಿದ್ದ ಹಳ್ಳಿ. ವಿದ್ಯುತ್ತಿಲ್ಲ, ರಸ್ತೆಯಿಲ್ಲ. ಉಳಿದಿರುವುದು ಇಬ್ಬರೇ: ಐವತ್ತು ದಾಟಿದ, ಮದುವೆಯಾಗದ ಹತಿಜೆ, ಮತ್ತು ಹಾಸಿಗೆ ಹಿಡಿದ, ಕಣ್ಣೂ ಸರಿಯಾಗಿ ಕಾಣದ ಎಂಬತ್ತೈದರ ಅವಳ ತಾಯಿ ನಜೀಫೆ. ಹತಿಜೆ ಬೆಟ್ಟದ ಅಂಚಿನಲ್ಲಿ, ಮುಖಕ್ಕೆ ಪರದೆಯೂ ಇಲ್ಲದೆ, ಕಲ್ಲಿನ ಸಂದಿಯ ಜೇನನ್ನು ಬಿಚ್ಚುತ್ತಾಳೆ. ಗೂಡಿನಲ್ಲಿ ಸಿಕ್ಕಿದ್ದರಲ್ಲಿ ಅರ್ಧ ತನಗೆ, ಅರ್ಧ ನೊಣಗಳಿಗೆ. ಇದು ಅವಳ ನೇಮ. ಕೆಲವು ಸೀಸೆ ಜೇನನ್ನು ಹೊತ್ತುಕೊಂಡು ದೂರದ ರಾಜಧಾನಿಗೆ ಹೋಗಿ ಮಾರುತ್ತಾಳೆ. ಬರುವಾಗ ತಾಯಿಗೆ ಬಾಳೆಹಣ್ಣು, ತನ್ನ ನರೆಗೂದಲಿಗೆ ಹಚ್ಚಲು ಬಣ್ಣ. ಯಾರೂ ಇಲ್ಲದ ಹಳ್ಳಿಯಲ್ಲಿ ಯಾರಿಗಾಗಿ ಆ ಬಣ್ಣ? ಚಿತ್ರ ತೆಗೆದವರು ಕೇಳುವುದಿಲ್ಲ. ಕೇಳಿದ್ದರೆ ಅವಳೊಂದು ಉತ್ತರ ಕೊಡುತ್ತಿದ್ದಳು, ನಾವು ಅದನ್ನು ಮರೆಯುತ್ತಿದ್ದೆವು.

ಆ ಹಳ್ಳಿಗೆ ಹುಸೇನ್ ಎಂಬವನ ಅಲೆಮಾರಿ ಸಂಸಾರ ಬಂದು ಇಳಿಯುತ್ತದೆ. ಹೆಂಡತಿ, ಏಳು ಮಕ್ಕಳು, ದನಗಳ ಹಿಂಡು. ಹತಿಜೆಗೆ ಸಂತೋಷ, ಮಕ್ಕಳ ಕೂಗು ಕಿವಿಗೆ ಬಿತ್ತಲ್ಲ! ಜೇನು ಸಾಕುವುದನ್ನು ಅವನಿಗೂ ಹೇಳಿಕೊಡುತ್ತಾಳೆ. ಆದರೆ ಹುಸೇನನ ಬೆನ್ನಿಗೆ ವ್ಯಾಪಾರಿಯೊಬ್ಬ ಬಿದ್ದಿದ್ದಾನೆ. ಅವನಿಗೆ ಹೆಚ್ಚು ಬೇಕು, ಈಗಲೇ ಬೇಕು. ಹುಸೇನ್ ಅರ್ಧ ಬಿಡುವುದಿಲ್ಲ, ಎಲ್ಲವನ್ನೂ ತೆಗೆಯುತ್ತಾನೆ. ಹಸಿದ ಅವನ ನೊಣಗಳು ಹತಿಜೆಯ ಗೂಡುಗಳ ಮೇಲೆ ಬಿದ್ದು ಅವಳ ನೊಣಗಳನ್ನು ಕೊಲ್ಲುತ್ತವೆ. ದನಗಳೂ ಸಾಯುತ್ತವೆ. ಸಂಸಾರ ಗಂಟುಮೂಟೆ ಕಟ್ಟಿ ಹೊರಟುಹೋಗುತ್ತದೆ. ಚಳಿಗಾಲದಲ್ಲಿ ತಾಯಿಯೂ ಹೋಗುತ್ತಾಳೆ.

ಇದನ್ನು ತೆಗೆಯಲು ಮೂರು ವರ್ಷ ಹಿಡಿಯಿತು. ಹಳ್ಳಿಯಲ್ಲಿ ಗುಡಾರ ಹಾಕಿಕೊಂಡು, ತಂದ ಊಟ ಮುಗಿಯುವವರೆಗೆ ಇದ್ದು, ಹೋಗಿ ಮತ್ತೆ ಬರುತ್ತಿದ್ದರಂತೆ. ತೆಗೆದದ್ದು ನಾನೂರು ಗಂಟೆಗೂ ಹೆಚ್ಚು. ಉಳಿಸಿಕೊಂಡದ್ದು ಒಂದೂವರೆ ಗಂಟೆ. ಎಲ್ಲಕ್ಕಿಂತ ಸೋಜಿಗದ ಸಂಗತಿಯೆಂದರೆ, ಆ ತಾಯಿ ಮಗಳು ಆಡುವುದು ಹಳೆಯ ತುರ್ಕಿ ಭಾಷೆ. ಚಿತ್ರ ತೆಗೆದವರಿಗೆ ಆ ಭಾಷೆ ಬಾರದು. ಮಾತು ಅರ್ಥವಾಗದೆಯೇ, ಮುಖಗಳನ್ನೂ ಕೈಗಳನ್ನೂ ನೋಡಿಯೇ ಮೊದಲು ಚಿತ್ರವನ್ನು ಜೋಡಿಸಿದರಂತೆ. ಭಾಷೆಯಿಂದ ಹೊಟ್ಟೆ ಹೊರೆಯುವ ನನ್ನಂಥವರು ಈ ಮಾತನ್ನು ಕೇಳಿ ಸ್ವಲ್ಪ ತಲೆ ತಗ್ಗಿಸಿದರೆ ತಪ್ಪಿಲ್ಲ. 2020ರಲ್ಲಿ ಅದು ಆಸ್ಕರಿನ ಎರಡು ಪಟ್ಟಿಗಳಲ್ಲಿ, ಸಾಕ್ಷ್ಯಚಿತ್ರಗಳ ಪಟ್ಟಿಯಲ್ಲಿಯೂ ಅನ್ಯದೇಶೀಯ ಚಿತ್ರಗಳ ಪಟ್ಟಿಯಲ್ಲಿಯೂ, ಸ್ಥಾನ ಪಡೆಯಿತು. ಹಾಗೆ ಎರಡರಲ್ಲಿಯೂ ಸೇರಿದ ಮೊದಲನೆಯ ಚಿತ್ರ ಅದೇ.

ಚಿತ್ರದಲ್ಲಿ ಕತ್ತಲ ಕೋಣೆಯ ದೃಶ್ಯಗಳಿವೆ. ಸಣ್ಣ ದೀಪದ ಬೆಳಕಿನಲ್ಲಿ ಹತಿಜೆ ತಾಯಿಗೆ ತಿನ್ನಿಸುತ್ತಾಳೆ, ಗದರಿಸುತ್ತಾಳೆ, ತಲೆ ತೊಳೆಯುತ್ತಾಳೆ. ನನ್ನನ್ನು ಕೇಳಿಕೊಂಡು ಯಾರೂ ಬರಲಿಲ್ಲವೆ, ನನ್ನನ್ನೇಕೆ ಮದುವೆ ಮಾಡಿ ಕೊಡಲಿಲ್ಲವೆಂದು ಕೇಳುತ್ತಾಳೆ. ಬಂದಿದ್ದರು, ನಿನ್ನ ತಂದೆ ಒಪ್ಪಲಿಲ್ಲವೆಂದು ತಾಯಿ ಹೇಳುತ್ತಾಳೆ. ನನ್ನ ತಾಯಿಯೂ ಕೊನೆಯ ಎರಡು ವರ್ಷ ಹಾಸಿಗೆಯಲ್ಲಿಯೇ ಇದ್ದರು. ಜಾರಿ ಬಿದ್ದು ಸೊಂಟದ ಮೂಳೆ ಮುರಿದ ಮೇಲೆ ಅವರು ಮತ್ತೆ ಏಳಲಿಲ್ಲ. ಒಂದು ಚಮಚ ಗಂಜಿಗೆ ಹತ್ತು ನಿಮಿಷ. ಆ ಹತ್ತು ನಿಮಿಷ ಅವರ ಮುಖವನ್ನೇ ನೋಡುತ್ತಿರಬೇಕು, ನುಂಗಿದರೆ, ಇಲ್ಲವೆ ಎಂದು. ಯಾವ ಕಾವ್ಯವನ್ನೂ ನಾನು ಅಷ್ಟು ಎಚ್ಚರದಿಂದ ಓದಿಲ್ಲ. ಆ ಕೋಣೆಗೆ ಮೂರನೆಯವರೊಬ್ಬರು ಕ್ಯಾಮರಾ ಹಿಡಿದು ಬಂದಿದ್ದರೆ ನಾನು ಬಿಡುತ್ತಿದ್ದೆನೆ? ಬಿಡುತ್ತಿರಲಿಲ್ಲ. ಹತಿಜೆ ಬಿಟ್ಟಳು. ಅವಳ ಬದುಕನ್ನು ಯಾರಾದರೊಬ್ಬರು ಬಂದು ನೋಡಲೆಂಬ ಆಸೆ ಅವಳಲ್ಲಿ ಇದ್ದಿರಬಹುದು. ಅದೂ ಒಂದು ಹಸಿವೇ. ಹಾಗಿದ್ದರೂ ತಾಯಿ ಕೊನೆಯುಸಿರೆಳೆದ ಮೇಲೆ ಮಗಳು ಅಳುವ ಹೊತ್ತಿನಲ್ಲಿ ನಾನು ತೆರೆಯಿಂದ ಕಣ್ಣು ತೆಗೆದು ಗೋಡೆಯ ಮೇಲಿನ ಗಡಿಯಾರವನ್ನು ನೋಡುತ್ತ ಕುಳಿತೆ. ಕೆಲವನ್ನು ನೋಡದೆ ಇರುವುದೂ ನೋಟದ ಒಂದು ಮರ್ಯಾದೆ.

ಇಲ್ಲಿಗೆ ಬಂತು ನನ್ನ ‘ನೋಡು’, ‘ನೋಡಿಕೊಳ್ಳು’. ಮೂರು ವರ್ಷ ಸುಮ್ಮನೆ ನೋಡಿದವರು ಚಿತ್ರ ಮುಗಿದ ಮೇಲೆ ಏನು ಮಾಡಬೇಕು? ಬಹುಮಾನವನ್ನು ತೆಗೆದುಕೊಂಡು ಮನೆಗೆ ಹೋಗಬಹುದು. ಕಾನೂನು ಅಡ್ಡ ಬರುವುದಿಲ್ಲ. ಇವರು ಹಾಗೆ ಮಾಡಲಿಲ್ಲ. ಬಂದ ಬಹುಮಾನದ ಹಣದಿಂದ ಹತ್ತಿರದ ಇನ್ನೊಂದು ಹಳ್ಳಿಯಲ್ಲಿ ಹತಿಜೆಗೆ ಒಂದು ಮನೆ ಕೊಂಡುಕೊಟ್ಟರು. ಅರ್ಧ ನಮಗೆ, ಅರ್ಧ ನಿನಗೆ ಎಂಬ ಲೆಕ್ಕವನ್ನು ಅವಳಿಂದಲೇ ಕಲಿತಿದ್ದಿರಬೇಕು.

ಚಿತ್ರ ಮುಗಿದ ಮೇಲೆ ಬಿ.ಎ. ಎರಡನೆಯ ವರ್ಷದ ಹುಡುಗನೊಬ್ಬ ನನ್ನ ಬಳಿಗೆ ಬಂದ. ತರಗತಿಯಲ್ಲಿ ಹಿಂದಿನ ಬೆಂಚಿನವನು, ಮಾತು ಕಡಿಮೆ. “ನಮ್ಮಜ್ಜೀನೂ ಹಿಂಗೇ ಮೇಡಂ, ಸೊಪ್ಪು ಕೀಳ್ತಾಳೆ. ನಾನೂ ತೆಗೀಲಾ?” ಎಂದ. ಬೆರಕೆ ಸೊಪ್ಪಿನ ಬಸ್ಸಾರನ್ನು ಉಂಡವರಿಗೆ ಈ ಅಜ್ಜಿಯಂದಿರ ಮಹಿಮೆಯನ್ನು ಬಣ್ಣಿಸಬೇಕಾಗಿಲ್ಲ. ಯಾರೂ ಬಿತ್ತದ, ಯಾರೂ ನೀರೆರೆಯದ ಅಣ್ಣೆ, ಹೊನಗೊನ್ನೆ, ಗಣಿಕೆ, ಕನ್ನೆ ಸೊಪ್ಪುಗಳನ್ನು ಹೊಲದ ಬದುಗಳಿಂದ ಆರಿಸಿ, ಮಡಿಲು ತುಂಬಿಕೊಂಡು ಬರುವವರು. ಸಸ್ಯಶಾಸ್ತ್ರದ ಪುಸ್ತಕದಲ್ಲಿ ಹುಡುಕಿಯೂ ಸಿಕ್ಕದ್ದು ಅವರ ಬೆರಳ ತುದಿಗೆ ಗೊತ್ತು. ಕುಡಿಯನ್ನು ಮಾತ್ರ ಚಿವುಟುತ್ತಾರೆ, ಬೇರನ್ನು ಮುಟ್ಟುವುದಿಲ್ಲ.

ಹುಡುಗ ಶ್ರಾವಣದಿಂದ ಸಂಕ್ರಾಂತಿಯವರೆಗೆ ತನ್ನ ಫೋನಿನಲ್ಲಿಯೇ ಚಿತ್ರ ತೆಗೆದ. ಮೊದಲನೆಯ ದಿನವೇ ಅಜ್ಜಿಯಿಂದ ಪಾಠವಾಯಿತು. ಬಿಸಿಲು ಸರಿಯಾಗಿ ಬೀಳಲಿಲ್ಲವೆಂದು, “ಅಜ್ಜೀ, ಇನ್ನೊಂದು ಸಲ ಕೀಳು” ಎಂದನಂತೆ. ಅಜ್ಜಿ ಸೊಂಟದ ಮೇಲೆ ಕೈಯಿಟ್ಟು, “ಯಾಕ್ಲಾ, ಕಿತ್ತಿದ್ನ ಮತ್ತೆ ಅಂಟಿಸಿ ಕೀಳ್ಲಾ?” ಎಂದರಂತೆ. ಫ್ಲಾಹರ್ಟಿಯ ಮೇಲೆ ಪಂಡಿತರು ಬರೆದ ವಿಮರ್ಶೆಗಳಲ್ಲಿ ಇದಕ್ಕಿಂತ ಚೊಕ್ಕವಾದ ವಾಕ್ಯವನ್ನು ನಾನು ಓದಿಲ್ಲ.

ಆರು ತಿಂಗಳ ಮೇಲೆ ಇಪ್ಪತ್ತು ನಿಮಿಷದ ಚಿತ್ರವನ್ನು ತಂದು ತೋರಿಸಿದ. ಅಜ್ಜಿಯ ಭಾಗ ಚೆನ್ನಾಗಿತ್ತು. ನಡುವೆ ಒಬ್ಬ ಮನುಷ್ಯ ಬೆನ್ನಿಗೆ ಟ್ಯಾಂಕು ಕಟ್ಟಿಕೊಂಡು ಬದುವಿನ ಮೇಲೆ ಕಳೆಯ ಔಷಧಿ ಹೊಡೆಯುತ್ತ ಬರುತ್ತಾನೆ. ಆಗ ಹಿನ್ನೆಲೆಯಲ್ಲಿ ರಾಕ್ಷಸ ಬರುವಾಗಿನ ವಾದ್ಯ. ಮುಂದಿನ ದೃಶ್ಯದಲ್ಲಿ ಅದೇ ಬದು ಸುಟ್ಟ ಹಳದಿ ಬಣ್ಣ. ಅಜ್ಜಿ ಬರಿಯ ಮಡಿಲಿನಲ್ಲಿ ನಿಂತಿರುತ್ತಾರೆ. “ಯಾರಪ್ಪ ಈತ?” ಎಂದೆ. “ನಮ್ಮ ದೊಡ್ಡಪ್ಪ ಮೇಡಂ” ಎಂದ. ಎಂದರೆ, ಆ ಅಜ್ಜಿಯ ಹಿರಿಯ ಮಗ.

ಕಾಲೇಜಿನ ವಾರ್ಷಿಕೋತ್ಸವದಲ್ಲಿ ಚಿತ್ರವನ್ನು ತೋರಿಸಬೇಕೆ, ಬೇಡವೆ ಎಂಬ ಚರ್ಚೆ ಎದ್ದಿತು. ಮನೆಯ ಜಗಳವನ್ನು ಕಾಲೇಜಿನ ಗೋಡೆಗೆ ಹಚ್ಚುವುದು ಬೇಡವೆಂದರು ಕೆಲವರು. ಸತ್ಯಕ್ಕೆ ನೆಂಟಸ್ತಿಕೆಯಿಲ್ಲವೆಂದರು ಇನ್ನು ಕೆಲವರು. ಸತ್ಯದ ನೆಂಟರು ಬೇರೆಯವರ ಮನೆಯವರಾದಾಗ ಹೀಗೆ ಹೇಳುವುದು ಸುಲಭ. ತೀರ್ಮಾನ ನನ್ನ ತಲೆಗೆ ಬಂತು. ನಾನು ಹುಡುಗನನ್ನು ಕೂರಿಸಿಕೊಂಡು, ಚಿತ್ರಕ್ಕೆ ಸೇರಿಸದೆ ಬಿಟ್ಟ ತುಣುಕುಗಳನ್ನೆಲ್ಲ ತೋರಿಸೆಂದೆ. ಎರಡು ಸಂಜೆ ನೋಡಿದೆವು. ಅವುಗಳಲ್ಲಿ ಒಂದು ಕಡೆ ಅದೇ ದೊಡ್ಡಪ್ಪ ಬಾಗಿಲಲ್ಲಿ ನಿಂತ ಯಾರಿಗೋ ಹಣ ಎಣಿಸಿಕೊಡುತ್ತಾರೆ. ಎಣಿಸಿ, ಸಾಲದೆ, ಒಳಗೆ ಹೋಗಿ ಬರುತ್ತಾರೆ. ಇನ್ನೊಂದು ಕಡೆ, ದೀಪ ಹಚ್ಚಿದ ಹೊತ್ತಿನಲ್ಲಿ, ಔಷಧಿಯ ವಾಸನೆ ಹೋಗುವ ಹಾಗೆ ಕೈಯನ್ನು ಮೂರು ಸಲ ಸೋಪು ಹಚ್ಚಿ ತೊಳೆ, ಒರಸಿಕೊಂಡು, ತಾಯಿಯ ಮಂಡಿಗೆ ಎಣ್ಣೆ ತಿಕ್ಕುತ್ತಾರೆ. “ಇದನ್ನೇಕೆ ಬಿಟ್ಟೆ?” ಎಂದೆ. “ಕತೆಗೆ ಹೊಂದಲಿಲ್ಲ ಮೇಡಂ” ಎಂದ.

ಹುಸೇನನನ್ನು ಆ ಮ್ಯಾಸಿಡೋನಿಯಾದವರು ರಾಕ್ಷಸನಾಗಿ ಮಾಡಲಿಲ್ಲವೆಂಬುದು ಆಗ ನೆನಪಾಯಿತು. ಅವನ ಏಳು ಮಕ್ಕಳನ್ನೂ ನಮ್ಮ ಕಣ್ಣ ಮುಂದೆ ಇಟ್ಟೇ ಅವನು ಜೇನನ್ನೆಲ್ಲ ತೆಗೆಯುವುದನ್ನು ತೋರಿಸಿದರು. ತಪ್ಪು ಸಣ್ಣದಾಗಲಿಲ್ಲ, ಮನುಷ್ಯ ದೊಡ್ಡವನಾದ. ನಾನು ಹುಡುಗನಿಗೆ ಇದನ್ನೇ ಹೇಳಿದೆ. ಅವನು ವಾದ್ಯವನ್ನು ತೆಗೆದ, ಎಣ್ಣೆಯ ದೃಶ್ಯವನ್ನು ಸೇರಿಸಿದ. ಆಮೇಲೆ ಇಬ್ಬರೂ ಅವನ ಊರಿಗೆ ಹೋದೆವು, ಕೇಳಿ ಬರಲೆಂದು.

ಅಜ್ಜಿ, “ಕೂತ್ಕೊ ತಾಯಿ” ಎಂದು ಚಾಪೆ ಹಾಕಿದರು. ಮಗನ ಮೇಲೆ ದೂರು ಹೇಳಲಿಲ್ಲ. “ಅವನೇನ್ ಮಾಡಾನು? ಕಳೆ ಕೀಳಾಕೆ ಆಳು ಸಿಗಾಕಿಲ್ಲ, ಬಡ್ಡಿ ನಿಲ್ಲಾಕಿಲ್ಲ. ಸೊಪ್ಪು ನಂಗೆ ಇನ್ನೊಂದು ಬದಾಗೆ ಸಿಕ್ತದೆ. ಅವನಿಗೆ ಇನ್ನೊಂದು ಹೊಲ ಎಲ್ಲಿ ಸಿಕ್ತದೆ?” ಎಂದರು. ದೊಡ್ಡಪ್ಪ ಬಹಳ ಹೊತ್ತು ನೆಲ ನೋಡುತ್ತಿದ್ದು, “ತೋರಿಸ್ಲಿ ಬಿಡಿ ಮೇಡಮ್ಮೋರೆ. ಹೊಡೆಯೋದು ಸುಳ್ಳಾ?” ಎಂದರು. ಆ ಮನೆಯಲ್ಲಿ ಆ ದಿನ ಉಂಡ ಬಸ್ಸಾರಿನ ರುಚಿಯನ್ನು ಬರೆಯಹೊರಟರೆ ಈ ಪ್ರಬಂಧ ದಾರಿ ತಪ್ಪುತ್ತದೆ.

ವಾರ್ಷಿಕೋತ್ಸವದ ದಿನ ಅವರಿಬ್ಬರೂ ಬಂದರು. ಅಜ್ಜಿಯನ್ನು ಮುಂದಿನ ಸಾಲಿನಲ್ಲಿ ಕೂರಿಸಿದೆವು. ದೊಡ್ಡಪ್ಪ ಬಾಗಿಲ ಬಳಿಯೇ ನಿಂತರು. ಚಿತ್ರ ಓಡಿತು. ಔಷಧಿ ಹೊಡೆಯುವ ದೃಶ್ಯ ಬಂದಾಗ ಸಭೆಯೆಲ್ಲ ನಿಶ್ಶಬ್ದ. ನಾನು ತೆರೆಯನ್ನು ಬಿಟ್ಟು ಬಾಗಿಲ ಕಡೆಗೆ ನೋಡಿದೆ. ಆತ ಕತ್ತು ಮುಂದೆ ಮಾಡಿ ನೋಡುತ್ತಿದ್ದರು. ಕೋಪವಿಲ್ಲ, ನಾಚಿಕೆಯಿಲ್ಲ, ಬರಿಯ ಸೋಜಿಗ. ಪಕ್ಕದಲ್ಲಿದ್ದ ಹುಡುಗನನ್ನು ಮೆಲ್ಲಗೆ ಕೇಳಿದರಂತೆ: “ಲೇ, ನಾನು ಅಷ್ಟು ಬಗ್ಗಿ ನಡೀತೀನೇನ್ಲಾ?”

ಅರವತ್ತು ವರ್ಷ ಬದುಕಿದ ಮನುಷ್ಯ ತನ್ನ ಬೆನ್ನನ್ನು ತಾನು ಮೊದಲ ಸಲ ನೋಡಿದ್ದ.

ಇದಾದ ಮೇಲೆ ಅವರು ಔಷಧಿ ಹೊಡೆಯುವುದನ್ನು ಬಿಟ್ಟರೆಂದು ಬರೆಯಲು ನನಗೂ ಆಸೆಯಿದೆ. ಬಿಡಲಿಲ್ಲ. ಕೆರೆಯ ಕಡೆಯ ಒಂದು ಬದುವನ್ನು ಮಾತ್ರ ಈ ಸಲ ಹಾಗೆಯೇ ಬಿಟ್ಟಿದ್ದಾರಂತೆ. ಅದು ಚಿತ್ರದ ಪ್ರಭಾವವೋ, ಔಷಧಿಯ ಬೆಲೆಯ ಪ್ರಭಾವವೋ ಕೇಳಲು ಹೋಗಲಿಲ್ಲ. ಬದಲಾವಣೆಯಾದದ್ದು ಇನ್ನೊಂದು ಕಡೆ. ಮೊನ್ನೆ ಹುಡುಗ ಸಿಕ್ಕಿದ್ದ. ಹೊಸ ಚಿತ್ರವೇನಾದರೂ ತೆಗೆಯುತ್ತಿದ್ದೀಯಾ ಎಂದು ಕೇಳಿದೆ. ಈಗ ಬೆಳಗಿನ ಹೊತ್ತು ಬಿಡುವಿಲ್ಲವೆಂದ. ದೊಡ್ಡಪ್ಪನ ಟ್ಯಾಂಕನ್ನು ಹೊಲದವರೆಗೆ ಅವನೇ ಹೊತ್ತುಕೊಂಡು ಹೋಗಿ, ನೀರು ತುಂಬಿ, ಬೆನ್ನಿಗೆ ಏರಿಸಿ ಬರುತ್ತಾನಂತೆ. ಅಜ್ಜಿಯ ಸೊಪ್ಪಿನ ಚಿತ್ರ ತೆಗೆದವನು ಸೊಪ್ಪನ್ನು ಸುಡುವ ಔಷಧಿಯನ್ನು ಹೊರುತ್ತಿದ್ದಾನೆ! ಇದರಲ್ಲಿ ಸರಿ ಎಷ್ಟು, ತಪ್ಪು ಎಷ್ಟು ಎಂದು ತೂಗಿ ಹೇಳುವ ತಕ್ಕಡಿ ನನ್ನ ಬಳಿ ಇಲ್ಲ.

“ಫೋನು?” ಎಂದೆ.

“ಜೇಬಿನಾಗಿರ್ತದೆ ಮೇಡಂ. ಟ್ಯಾಂಕು ಎತ್ತೋಕೆ ಎರಡು ಕೈಯೂ ಬೇಕಲ್ಲ” ಎಂದ.